ಡೆಲ್ಫೀನ್ ಸೆರಿಗ್‌ಳ ನಟನವೃತ್ತಿ

ಕಂಠಸ್ವರಕ್ಕಾಗಿಯೇ ಫ್ರಾನ್ಸಿನಲ್ಲಿ ಹೆಸರುವಾಸಿಯಾದ ಡೆಲ್ಫೀನ್ ಸೆರಿಗ್ ಎಂಬ ನಟಿಯ ಮೊದಲನೆಯ ಚಲಚ್ಚಿತ್ರದಲ್ಲಿ ಆಕೆಯ ಕಂಠ ಒಮ್ಮೆಯಾದರೂ ಕೇಳಿಬರುವುದಿಲ್ಲ. 1959ರಲ್ಲಿ ನ್ಯೂಯಾರ್ಕ್ ನಗರದ ಒಂದು ಮಾಳಿಗೆಯ ಕೋಣೆಯಲ್ಲಿ, ರಾಬರ್ಟ್ ಫ್ರಾಂಕ್ ಎಂಬ ಛಾಯಾಗ್ರಾಹಕನೂ ಆಲ್ಫ್ರೆಡ್ ಲೆಸ್ಲಿ ಎಂಬ ಚಿತ್ರಕಾರನೂ ಕೂಡಿ, ತಮ್ಮ ಮಿತ್ರವೃಂದದ ಕವಿಗಳನ್ನೂ ಕಲಾವಿದರನ್ನೂ ಕಲೆಹಾಕಿಕೊಂಡು ತೆಗೆದ ‘ಪುಲ್ ಮೈ ಡೇಸಿ’ ಎಂಬ ಆ ಚಿತ್ರ ಸುಮಾರು ಅರ್ಧ ಗಂಟೆಯದು. ಆಲೆನ್ ಗಿನ್ಸ್‌ಬರ್ಗ್, ಗ್ರೆಗೊರಿ ಕೋರ್ಸೊ ಮೊದಲಾದ ಕವಿಗಳು ಅದರಲ್ಲಿ ತಾವು ತಾವಾಗಿಯೇ ಬಂದು ಕುಳಿತು ಹರಟುತ್ತಾರೆ. ಸೆರಿಗ್ ರೈಲ್ವೆ ನೌಕರನೊಬ್ಬನ ಹೆಂಡತಿ. ಬರಲಿರುವ ಬಿಷಪ್ಪನಿಗಾಗಿ ಮನೆಯನ್ನು ಒಪ್ಪ ಮಾಡುವುದು, ಗಂಡನ ಗೆಳೆಯರ ಗದ್ದಲವನ್ನು ಸಹಿಸುವುದು, ಇಷ್ಟೇ ಆಕೆಯ ಪಾಲಿಗೆ ಬಂದದ್ದು. ಚಿತ್ರೀಕರಣದ ವೇಳೆ ಮಾತುಗಳನ್ನು ಮುದ್ರಿಸಿಕೊಂಡಿರಲಿಲ್ಲವಾದ ಕಾರಣ, ಆಮೇಲೆ ಅದೇ ಬಳಗದ ಲೇಖಕ ಜಾಕ್ ಕೆರೊವ್ಯಾಕ್ ಎಲ್ಲರ ಮಾತನ್ನೂ, ಹೆಂಗಸರ ಮಾತನ್ನು ಸಹ, ತಾನೊಬ್ಬನೇ ಆಡಿಬಿಟ್ಟನು. ಹದಿನಾರು ವರ್ಷಗಳ ತರುವಾಯ ಅದೇ ನಟಿ ಕ್ಯಾಮರಾ ಸಮೇತ ಹೊರಟು, ಇತರ ನಟಿಯರ ಮಾತನ್ನು ಒಂದೊಂದಾಗಿ ಮುದ್ರಿಸಿಕೊಂಡು ಬಂದಳೆಂಬುದನ್ನು ಬಲ್ಲವರಿಗೆ ಈ ಆರಂಭ ಅರ್ಥವತ್ತಾಗಿ ತೋರದೆ ಇರದು.

ಆಕೆ ಹುಟ್ಟಿದ್ದು 1932ನೆಯ ಏಪ್ರಿಲ್ 10ರಂದು, ಆಗ ಫ್ರೆಂಚರ ಆಡಳಿತದಲ್ಲಿದ್ದ ಬೈರೂತ್ ನಗರದಲ್ಲಿ. ತಂದೆ ಆನ್ರಿ ಸೆರಿಗ್ ಪುರಾತತ್ತ್ವಜ್ಞ. ತಾಯಿ ಎರ್ಮೀನ್, ಆಧುನಿಕ ಭಾಷಾವಿಜ್ಞಾನದ ಮೂಲಪುರುಷನೆನಿಸಿದ ಫರ್ಡಿನಾಂಡ್ ದ ಸೊಸ್ಯೂರನ ತಮ್ಮನ ಮಗಳು. ಯೌವನದಲ್ಲಿ ಸಖಿಯರೊಡನೆ ಹಾಯಿದೋಣಿಯಲ್ಲಿ ಮೆಡಿಟರೇನಿಯನ್ ಸಮುದ್ರವನ್ನು ಸುತ್ತಿ ಬಂದವಳು, ಮುಂದೆ ರೂಸೋವಿನ ಗ್ರಂಥಗಳ ಅಧ್ಯಯನದಲ್ಲಿ ತೊಡಗಿದವಳು. ಮಹಾಯುದ್ಧದ ಕಾಲದಲ್ಲಿ ತಂದೆ ಸ್ವತಂತ್ರ ಫ್ರಾನ್ಸಿನ ಪ್ರತಿನಿಧಿಯಾಗಿ ನ್ಯೂಯಾರ್ಕಿಗೆ ಹೋದುದರಿಂದ ಬಾಲಕಿಗೆ ಫ್ರೆಂಚಿನಷ್ಟೇ ಸಲೀಸಾಗಿ ಇಂಗ್ಲಿಷೂ ಒಲಿಯಿತು. ಅನಂತರ ಫ್ರಾನ್ಸಿಗೆ ಹಿಂದಿರುಗಿ, ರಾಜಧಾನಿಯಿಂದ ದೂರದ ಸ್ಯಾಂತ್-ಎತ್ಯೆನ್ ಎಂಬ ಕಲ್ಲಿದ್ದಲಿನ ಊರಿನಲ್ಲಿ ಜ್ಯಾಂ ದಾಸ್ತೆಯ ನಾಟಕ ಮಂಡಳಿಯಲ್ಲಿಯೂ, ಪ್ಯಾರಿಸ್ಸಿನಲ್ಲಿ ತಾನಿಯಾ ಬಲಶೋವಾ ಎಂಬ ಅಧ್ಯಾಪಕಿಯ ಬಳಿಯೂ ಅಭಿನಯವನ್ನು ಅಭ್ಯಾಸ ಮಾಡಿ, 1956ರಲ್ಲಿ ಚಿತ್ರಕಾರನಾದ ಗಂಡನೊಡನೆ ಮತ್ತೆ ನ್ಯೂಯಾರ್ಕಿಗೆ ಹೋಗಿ ಆಕ್ಟರ್ಸ್ ಸ್ಟುಡಿಯೋದ ಪಾಠಗಳಲ್ಲಿ ಕುಳಿತಳು. ಪಾತ್ರದ ಪ್ರತಿಯೊಂದು ಚಲನೆಗೂ ಒಳಗಿನ ಕಾರಣವೊಂದಿರಬೇಕು ಎಂಬ ಆ ಶಾಲೆಯ ಆಗ್ರಹ ಆಕೆಯಲ್ಲಿ ಕಡೆಯವರೆಗೂ ಉಳಿಯಿತು. ಇದನ್ನು ಒತ್ತಿ ಹೇಳುವುದಕ್ಕೆ ಕಾರಣವುಂಟು: ಮುಂದೆ ಲೋಕ ಆಕೆಯನ್ನು ಕೊಂಡಾಡಿದ್ದು ಕಾರಣವನ್ನು ಕೇಳಬಾರದ ಒಂದು ಸ್ವಪ್ನಮೂರ್ತಿಯೆಂದು.

ಸ್ವತಂತ್ರ ಚಲಚ್ಚಿತ್ರ ಎಂದು ನಾವು ಇಂದು ಕರೆಯುವುದು ಫ್ರಾನ್ಸಿನಲ್ಲಿ ಹೇಗೆ ಬೇರೂರಿತೆಂಬುದನ್ನು ಇಲ್ಲಿ ಎರಡು ಮಾತಿನಲ್ಲಿ ಹೇಳಬೇಕು. ಯುದ್ಧಾನಂತರ, 1946ರಲ್ಲಿ, ಆ ದೇಶದ ಸರ್ಕಾರ ಚಲಚ್ಚಿತ್ರಕ್ಕಾಗಿಯೇ ಒಂದು ರಾಷ್ಟ್ರೀಯ ಕೇಂದ್ರವನ್ನು ಸ್ಥಾಪಿಸಿತು. 1959ರಲ್ಲಿ, ಕಾದಂಬರಿಕಾರ ಆಂದ್ರೆ ಮಾಲ್ರೊ ಸಂಸ್ಕೃತಿ ಸಚಿವನಾದ ಕಾಲಕ್ಕೆ, ಮುಂಬರುವ ಸಂಪಾದನೆಯ ಮೇಲೆ ಮುಂಗಡ ಕೊಡುವ ಪದ್ಧತಿ ಜಾರಿಗೆ ಬಂದಿತು. ಚಿತ್ರದ ಬರಹವನ್ನು ಒಂದು ಸಮಿತಿ ಓದಿ ಮೆಚ್ಚಿದರೆ ಹಣ ದೊರೆಯುತ್ತಿತ್ತು; ಚಿತ್ರ ಗಳಿಸಿದರೆ ಹಿಂದಿರುಗಿಸುವುದು, ಗಳಿಸದಿದ್ದರೆ ನಷ್ಟ ನಿಧಿಯದು. ಜನಪ್ರಿಯ ತಾರೆಯ ಹೆಸರನ್ನೇ ಬಂಡವಾಳವಾಗಿ ನಂಬಿದ ಸ್ಟುಡಿಯೋ ಚಿತ್ರಗಳ ಪಕ್ಕದಲ್ಲಿ, ಬರಹದ ಬಲದಿಂದ ಏಳಬಲ್ಲ ಚಿತ್ರಗಳಿಗೂ ಹೀಗೆ ನೆಲೆ ಸಿಕ್ಕಿತು. ಸೆರಿಗ್ ಈ ಎರಡನೆಯ ಜಾತಿಯ ಚಿತ್ರಗಳ ನಟಿ. ವಿಶೇಷವೇನೆಂದರೆ ಅಲ್ಲಿಯೇ ಆಕೆಗೆ ತಾರಾಪದವಿಯೂ ದೊರೆಯಿತು, ದೊರೆತುದನ್ನು ಆಕೆ ಬಂಡವಾಳವಿಲ್ಲದವರ ಕೈಗೆ ಬಂಡವಾಳವಾಗಿ ಒಪ್ಪಿಸಿದಳು. ಆಕೆಯ ವೃತ್ತಿಚರಿತ್ರೆಯ ಸಾರವನ್ನು ನಾನು ಕಾಣುವುದು ಈ ಒಪ್ಪಿಸುವಿಕೆಯಲ್ಲಿ.

ಆ ಪದವಿಯನ್ನು ತಂದುಕೊಟ್ಟ ಚಿತ್ರ ಅಲೆನ್ ರೆನೇ ನಿರ್ದೇಶಿಸಿದ ‘ಕಳೆದ ವರ್ಷ ಮರಿಯೆನ್‌ಬಾಡಿನಲ್ಲಿ’. ಕಾದಂಬರಿಕಾರ ಅಲೆನ್ ರಾಬ್-ಗ್ರಿಯೆ ಬರೆದ ಈ ಕಥೆಯಲ್ಲಿ ಪಾತ್ರಗಳಿಗೆ ಹೆಸರಿಲ್ಲ, ಒಂದೊಂದು ಅಕ್ಷರವಷ್ಟೇ. ಮ್ಯೂನಿಕ್ಕಿನ ಸುತ್ತಣ ಅರಮನೆಗಳ ಓಣಿಯಂಥ ಪಡಸಾಲೆಗಳಲ್ಲಿ, ಕನ್ನಡಿಗಳ ನಡುವೆ, ಶನೆಲ್ ಸಂಸ್ಥೆಯ ಉಡುಪುಗಳನ್ನು ತೊಟ್ಟು, ಕೈಯೊಂದನ್ನು ಹೆಗಲಿಗೆ ತಾಗಿಸಿ ವಿಗ್ರಹದಂತೆ ನಿಲ್ಲುವ ಒಬ್ಬ ಸ್ತ್ರೀ. ಕಳೆದ ವರ್ಷ ನಾವು ಭೇಟಿಯಾಗಿದ್ದೆವು, ನೀವು ನನ್ನೊಡನೆ ಬರುವೆನೆಂದಿದ್ದಿರಿ ಎಂದು ಆಕೆಯನ್ನು ಬಿಡದೆ ಒಪ್ಪಿಸಹೊರಡುವ ಒಬ್ಬ ಪುರುಷ. ಆಕೆಯ ಗಂಡನಿರಬಹುದಾದ ಇನ್ನೊಬ್ಬ. ಭೇಟಿ ನಡೆದಿತ್ತೋ ಇಲ್ಲವೋ ಚಿತ್ರ ಹೇಳುವುದಿಲ್ಲ. 1961ರಲ್ಲಿ ವೆನಿಸ್ ಉತ್ಸವದ ಸ್ವರ್ಣಸಿಂಹ ಪ್ರಶಸ್ತಿ ಇದಕ್ಕೆ ಲಭಿಸಿತು. ಆ ನಟಿಯ ಕೇಶಾಲಂಕಾರ, ಆ ನಿಲುವು, ತುಸು ತಡೆದು ತಡೆದು ರಾಗವಾಗಿ ಬರುವ ಆ ಧ್ವನಿ, ಎಲ್ಲವೂ ಒಂದು ಮಾದರಿಯಾಗಿ ಹರಡಿತು. ಚಿತ್ರವನ್ನು ಇಂದು ನೋಡುವಾಗ ನನ್ನನ್ನು ತಟ್ಟುವುದು ಬೇರೊಂದು ಸಂಗತಿ. ಗಂಡಸು ಕಥೆ ಹೇಳುತ್ತಾನೆ, ಹೆಂಗಸು ಆ ಕಥೆಯೊಳಗೆ ನಿಲ್ಲಬೇಕಾದ ಸ್ಥಳದಲ್ಲಿ ನಿಲ್ಲುತ್ತಾಳೆ. ಅಲ್ಲವೆಂದು ಆಕೆ ಹೇಳುವ ಪ್ರತಿಯೊಂದು ಸಲವೂ ಅವನು ಕಥೆಯನ್ನು ತಿದ್ದಿಕೊಂಡು ಮುಂದುವರಿಯುತ್ತಾನೆ.

ಎರಡು ವರ್ಷಗಳ ಬಳಿಕ ಅದೇ ರೆನೇ ತೆಗೆದ ‘ಮ್ಯುರಿಯೆಲ್’ ಚಿತ್ರವನ್ನು ನೋಡಿದವರಿಗೆ ಅದೇ ನಟಿಯೆಂದು ನಂಬಿಕೆ ಬರುವುದು ಕಷ್ಟ. ಯುದ್ಧದ ಬಾಂಬಿಗೆ ನೆಲಸಮವಾಗಿ, ಹೊಸ ಕಾಂಕ್ರೀಟಿನಲ್ಲಿ ಮತ್ತೆ ಎದ್ದ ಬುಲೋನ್ ಎಂಬ ಕಡಲತೀರದ ಊರಿನಲ್ಲಿ ಎಲೆನ್ ಎಂಬ ವಿಧವೆ ಹಳೆಯ ಪೀಠೋಪಕರಣಗಳ ವ್ಯಾಪಾರ ನಡೆಸುತ್ತಾಳೆ. ವಾಸದ ಮನೆಯೇ ಅಂಗಡಿ. ಇವತ್ತು ಕುಳಿತ ಕುರ್ಚಿ ನಾಳೆ ಮಾರಾಟವಾಗಿರಬಹುದು. ಸಂಜೆಯಾದರೆ ಜೂಜುಕಟ್ಟೆಗೆ ಓಟ. ಹಳೆಯ ಪ್ರಿಯನೊಬ್ಬನನ್ನು ತಾನೇ ಬರಮಾಡಿಕೊಂಡು ಏನು ಮಾಡಬೇಕೆಂದು ತಿಳಿಯದೆ ತೊಳಲುವ ಈ ನಡುವಯಸ್ಸಿನ ಹೆಂಗಸಿನ ಪಾತ್ರವನ್ನು ಧರಿಸಿದಾಗ ಸೆರಿಗ್‌ಗೆ ಮೂವತ್ತೊಂದು ಮೀರಿರಲಿಲ್ಲ. ಮರಿಯೆನ್‌ಬಾಡಿನ ನಿಶ್ಚಲತೆ ಇಲ್ಲಿ ಲವಲೇಶವೂ ಇಲ್ಲ: ಆರಂಭಿಸಿದ ವಾಕ್ಯ ಪೂರ್ತಿಯಾಗುವ ಮೊದಲೇ ಎದ್ದು ಹೋಗುವಳು, ಕೈಗಳು ಸುಮ್ಮನಿರವು, ನಗು ಬಂದಂತೆ ಬಂದು ನಿಂತುಬಿಡುವುದು. ಆಲ್ಜೀರಿಯ ಯುದ್ಧದಿಂದ ಮರಳಿದ ಆಕೆಯ ಮಲಮಗ, ತನ್ನ ಸಂಗಡಿಗರು ಅಲ್ಲಿ ಚಿತ್ರಹಿಂಸೆಗೆ ಗುರಿಮಾಡಿದ ಮ್ಯುರಿಯೆಲ್ ಎಂಬ ಹುಡುಗಿಯ ನೆನಪನ್ನು ಹೊತ್ತು ಅದೇ ಮನೆಯಲ್ಲಿ ಅಲೆಯುತ್ತಾನೆ. ಆ ಹುಡುಗಿ ಚಿತ್ರದಲ್ಲಿ ಎಲ್ಲಿಯೂ ಕಾಣಿಸಿಕೊಳ್ಳಳು. ಆಲ್ಜೀರಿಯ ಸ್ವತಂತ್ರವಾದ ಮರುವರ್ಷವೇ, ಫ್ರೆಂಚರು ಕೇಳಲೊಲ್ಲದ ಮಾತನ್ನು ಆಡಿದ ಚಿತ್ರವಿದು. ವೆನಿಸ್ ಉತ್ಸವ 1963ರಲ್ಲಿ ಸೆರಿಗ್‌ಗೆ ಶ್ರೇಷ್ಠ ನಟಿಯೆಂಬ ವೋಲ್ಪಿ ಪ್ರಶಸ್ತಿಯನ್ನು ಕೊಟ್ಟಿತು. ಆದರೂ ಜನರ ಮನಸ್ಸಿನಲ್ಲಿ ನಿಂತದ್ದು ಎಲೆನ್ ಅಲ್ಲ, ಕನ್ನಡಿಗಳ ನಡುವಿನ ಆ ಅನಾಮಿಕೆಯೇ.

ಮುಂದಿನ ಹತ್ತು ವರ್ಷಗಳನ್ನು ಬೇಗ ದಾಟಬಹುದು. ಬುನ್ಯುಯೆಲ್, ಲೋಸಿ, ದೆಮಿ, ಝಿನೆಮನ್, ಹೀಗೆ ಹೆಸರಾಂತ ನಿರ್ದೇಶಕರೆಲ್ಲ ಆಕೆಯನ್ನು ಕರೆದರು. ಅಪ್ಸರೆ, ಶ್ರೀಮಂತೆ, ಜಮೀನುದಾರಿಣಿ, ರಕ್ತಪಿಪಾಸುವಾದ ರಾಣಿವಾಸದವಳು, ಇಂಥ ಪಾತ್ರಗಳೇ ಹೆಚ್ಚು. ತ್ರೂಫೋವಿನ ‘ಕದ್ದ ಮುತ್ತುಗಳು’ ಚಿತ್ರ ಮಾತ್ರ, 1968ರಲ್ಲಿ, ಆಕೆಯ ಈ ಖ್ಯಾತಿಯನ್ನೇ ಹಾಸ್ಯದ ವಸ್ತುವಾಗಿ ಹಿಡಿಯಿತು. ಪಾದರಕ್ಷೆಯ ಅಂಗಡಿಯ ಯಜಮಾನನ ಹೆಂಡತಿಯನ್ನು ಕಂಡ ಆಂತ್ವಾನ್ ಎಂಬ ಎಳೆಯ ನೌಕರ, ಆಕೆ ಹೆಂಗಸಲ್ಲ, ಸಾಕ್ಷಾತ್ಕಾರವೆಂದು ಬಗೆಯುತ್ತಾನೆ. ಕಾಫಿ ಕುಡಿಯುತ್ತ ಆಕೆಯೊಡನೆ ಮಾತನಾಡುವಾಗ ಗಾಬರಿಯಲ್ಲಿ ಅಮ್ಮಾವ್ರೆ ಎನ್ನಬೇಕಾದಲ್ಲಿ ಸ್ವಾಮಿ ಎಂದುಬಿಟ್ಟು, ಬಟ್ಟಲನ್ನು ಬಿಟ್ಟು ಓಡುತ್ತಾನೆ. ಒಂದು ಬೆಳಗ್ಗೆ ಆಕೆಯೇ ಅವನ ಕೋಣೆಗೆ ಬಂದು ತಾನು ದೈವಸಾಕ್ಷಾತ್ಕಾರವೇನೂ ಅಲ್ಲ, ಒಬ್ಬ ಹೆಂಗಸು ಎಂದು ತಿಳಿಯಹೇಳುತ್ತಾಳೆ. ಸೆರಿಗ್ ಇದನ್ನು ಎಷ್ಟು ಸರಳವಾಗಿ, ಎಷ್ಟು ನಸುನಗೆಯಿಂದ ಹೇಳುತ್ತಾಳೆಂದರೆ, ಮಾತು ಪಾತ್ರದ್ದೋ ನಟಿಯದೋ ಎಂಬ ಸಂದೇಹ ನೋಡುವವನಿಗೆ ಬಾರದೆ ಹೋಗದು.

ಆ ಮಾತನ್ನು ಪರದೆಯ ಹೊರಗೆ ಹೇಳುವ ಕಾಲವೂ ಬಂದಿತು. ಗರ್ಭಪಾತ ಫ್ರಾನ್ಸಿನಲ್ಲಿ ಶಿಕ್ಷಾರ್ಹ ಅಪರಾಧವಾಗಿದ್ದ ಆ ದಿನಗಳಲ್ಲಿ, 1971ನೆಯ ಏಪ್ರಿಲ್ 5ರಂದು ಒಂದು ವಾರಪತ್ರಿಕೆಯಲ್ಲಿ, ನಾವೂ ಗರ್ಭಪಾತ ಮಾಡಿಸಿಕೊಂಡವರು ಎಂಬ ಘೋಷಣಾಪತ್ರಕ್ಕೆ 343 ಮಂದಿ ಸ್ತ್ರೀಯರು ಹೆಸರು ಹಾಕಿದರು. ಲೇಖಕಿ ಸಿಮೋನ್ ದ ಬೊವ್ವಾರ್ ಬರೆದ ಆ ಪತ್ರಕ್ಕೆ ರುಜು ಹಾಕಿದವರಲ್ಲಿ ಸೆರಿಗ್ ಒಬ್ಬಳು. ಮರುವರ್ಷ ಬೊಬಿನ್ಯಿಯ ನ್ಯಾಯಾಲಯದಲ್ಲಿ ಹದಿವಯಸ್ಸಿನ ಹುಡುಗಿಯೊಬ್ಬಳ ಮೇಲೆ ಇದೇ ಆರೋಪ ಹೊರಿಸಿ ವಿಚಾರಣೆ ನಡೆದಾಗ ಸಾಕ್ಷಿಕಟ್ಟೆಯನ್ನೂ ಏರಿದಳು. ಕೀರ್ತಿಯೂ ಗೌರವವೂ ಕೈಗೂಡಿದ್ದ ನಟಿಗೆ ಇದರಿಂದ ಆಗಬಹುದಾದ ಲಾಭ ಯಾವುದೂ ಇರಲಿಲ್ಲ.

ಇದೇ ಹೊತ್ತಿಗೆ ಒಂದು ಯಂತ್ರವೂ ಬಂದಿತು. ಸೋನಿ ಕಂಪನಿಯ ಪೋರ್ಟಪ್ಯಾಕ್ ಎಂಬ ವಿಡಿಯೋ ಸಲಕರಣೆಯನ್ನು ಒಬ್ಬರೇ ಹೆಗಲಿಗೆ ತೂಗಿಹಾಕಿಕೊಂಡು ನಡೆಯಬಹುದಾಗಿತ್ತು; ಚಿತ್ರ ಕಪ್ಪು-ಬಿಳುಪು, ಅಷ್ಟೇನೂ ನಯವಿಲ್ಲ; ಆದರೆ ಮುದ್ರಿಸಿದ್ದನ್ನು ಆಗಿಂದಾಗಲೇ ತೋರಿಸಬಹುದು, ಬೇಡವಾದರೆ ಅಳಿಸಿ ಅದೇ ಟೇಪನ್ನು ಮತ್ತೆ ಬಳಸಬಹುದು. ಪ್ರಯೋಗಾಲಯ ಬೇಡ, ಸ್ಟುಡಿಯೋ ಬೇಡ, ಅದಕ್ಕಿಂತ ಮುಖ್ಯವಾಗಿ ಪೂರ್ವಪದ್ಧತಿಯೆಂಬುದೇ ಇಲ್ಲ. ಹೊಸದಾಗಿ ಹುಟ್ಟಿದ ಈ ಕಸುಬಿನಲ್ಲಿ ಗಂಡಸರು ಇನ್ನೂ ಗುರುಪೀಠವನ್ನು ಹಾಕಿಕೊಂಡಿರಲಿಲ್ಲ. ಸ್ವಿಟ್ಜರ್ಲೆಂಡಿನಿಂದ ಪ್ಯಾರಿಸ್ಸಿಗೆ ಬಂದಿದ್ದ ಕರೋಲ್ ರುಸ್ಸೊಪೂಲೊಸ್ ಫ್ರಾನ್ಸಿನಲ್ಲಿ ಈ ಯಂತ್ರವನ್ನು ಕೊಂಡ ಮೊದಲಿಗರಲ್ಲಿ ಒಬ್ಬಳು. ಇತರ ಸ್ತ್ರೀಯರಿಗೆ ಅದರ ಬಳಕೆಯನ್ನು ಕಲಿಸುತ್ತಿದ್ದಳು. ಸೆರಿಗ್ ತನ್ನ ಗೆಳತಿ ಯೋಆನಾ ವೀಡರಳೊಡನೆ ಅಲ್ಲಿಗೆ ವಿದ್ಯಾರ್ಥಿನಿಯಾಗಿ ಹೋದಳು. ಬುನ್ಯುಯೆಲನ ಚಿತ್ರದಲ್ಲಿ ಅಭಿನಯಿಸಿ ಬಂದವಳು ಟೇಪು ಸುತ್ತುವುದನ್ನೂ ಕತ್ತರಿಸಿ ಜೋಡಿಸುವುದನ್ನೂ ಕಲಿಯಲು ಕುಳಿತ ಈ ಸಂಗತಿಯನ್ನು ಚಿತ್ರಚರಿತ್ರೆಗಳು ಒಂದು ಸಾಲಿನಲ್ಲಿ ಮುಗಿಸಿಬಿಡುತ್ತವೆ. ನನಗಾದರೋ ಇದು ವೆನಿಸ್ಸಿನ ಪ್ರಶಸ್ತಿಗಿಂತ ದೊಡ್ಡದಾಗಿ ಕಾಣುತ್ತದೆ.

1975ನೆಯ ಇಸವಿ ಆಕೆಯ ಜೀವಿತದ ಶಿಖರ. ಆ ವರ್ಷದ ಕಾನ್ ಉತ್ಸವದಲ್ಲಿ ಆಕೆ ಮುಖ್ಯಪಾತ್ರ ವಹಿಸಿದ ಮೂರು ಚಿತ್ರಗಳು ಬೇರೆ ಬೇರೆ ವಿಭಾಗಗಳಲ್ಲಿ ಪ್ರದರ್ಶಿತವಾದುವು. ಮೂರನ್ನೂ ನಿರ್ದೇಶಿಸಿದವರು ಸ್ತ್ರೀಯರು. ಲಿಲಿಯಾನ್ ದ ಕೆರ್ಮಾದೆಕ್‌ಳ ‘ಅಲೊಯೀಸ್’ ಹುಚ್ಚಾಸ್ಪತ್ರೆಯಲ್ಲಿ ಬಾಳು ಸವೆಸಿದ ಒಬ್ಬ ಚಿತ್ರಕಾರ್ತಿಯ ಕಥೆ. ಮಾರ್ಗರಿಟ್ ಡ್ಯೂರಾಸ್‌ಳ ‘ಇಂಡಿಯಾ ಸಾಂಗ್’ ಚಿತ್ರದ ಬಗ್ಗೆ ಭಾರತೀಯರಾದ ನಾವು ಕೊಂಚ ನಿಂತು ಯೋಚಿಸಬೇಕಾಗಿದೆ. 1937ರ ಕಲ್ಕತ್ತೆಯಲ್ಲಿ ಫ್ರೆಂಚ್ ರಾಯಭಾರಿಯ ಪತ್ನಿಯಾದ ಆನ್-ಮರೀ ಸ್ಟ್ರೆಟರ್ ಎಂಬವಳ ಕೊನೆಯ ದಿನಗಳು ಅದರ ವಸ್ತು. ಆದರೆ ಚಿತ್ರದಲ್ಲಿ ಕಲ್ಕತ್ತೆಯ ಒಂದು ಹಿಡಿ ಮಣ್ಣೂ ಇಲ್ಲ. ಬಹುಪಾಲನ್ನು ತೆಗೆದದ್ದು ಪ್ಯಾರಿಸ್ಸಿನ ಮಗ್ಗುಲಲ್ಲಿ ಪಾಳುಬಿದ್ದಿದ್ದ ರಾಥ್‌ಸ್ಚೈಲ್ಡ್ ಕುಟುಂಬದ ಒಂದು ಸೌಧದಲ್ಲಿ ಮತ್ತು ಅದರ ಸುತ್ತ ಮುತ್ತ. ಆ ಕಾಲಕ್ಕೆ ರಾಜಧಾನಿ ಕಲ್ಕತ್ತೆಯಲ್ಲ, ಹೊಸದಿಲ್ಲಿ. ಗಂಗೆಯ ಮುಖಕ್ಕೆ ಒಂದೇ ಮಧ್ಯಾಹ್ನದಲ್ಲಿ ಹೋಗಿಬರಲಾಗದು. ಇಂಥ ತಪ್ಪುಗಳನ್ನು ಡ್ಯೂರಾಸ್ ಬಲ್ಲಳು, ತನ್ನ ಕೃತಿಯ ಆರಂಭದಲ್ಲಿ ತಾನೇ ಅವನ್ನು ಒಪ್ಪಿಕೊಂಡಿದ್ದಾಳೆ. ನಮ್ಮ ಊರುನದಿಗಳ ಹೆಸರುಗಳು ಆಕೆಗೆ ಬೇಕಾದದ್ದು ನಾದಕ್ಕಾಗಿ. ಇದನ್ನು ಓದಿ ನನಗೆ ಸ್ವಲ್ಪ ಕೋಪ ಬಂದದ್ದುಂಟು. ಆದರೆ ಸಾಮ್ರಾಜ್ಯಶಾಹಿಯ ಬಿಳಿಯರು ಇಂಡಿಯಾವನ್ನು ಎಂದೂ ನೋಡಲಿಲ್ಲ, ತಮ್ಮ ದಿವಾನಖಾನೆಯ ಕನ್ನಡಿಯನ್ನಷ್ಟೇ ನೋಡಿಕೊಂಡರು ಎಂಬುದೇ ಚಿತ್ರದ ಇಂಗಿತವಾದ ಪಕ್ಷದಲ್ಲಿ, ಆ ಸೌಧಕ್ಕಿಂತ ಯೋಗ್ಯವಾದ ಸ್ಥಳ ಸಿಕ್ಕುತ್ತಿರಲಿಲ್ಲ. ನಟರು ತುಟಿಯನ್ನು ಅಲ್ಲಾಡಿಸುವುದೇ ಇಲ್ಲ. ಅವರ ಮಾತುಗಳನ್ನೂ ಅವರನ್ನು ಕುರಿತು ಬೇರೆಯವರು ಆಡುವ ಮಾತುಗಳನ್ನೂ ಪ್ರತ್ಯೇಕವಾಗಿ ಮುದ್ರಿಸಿ, ಚಿತ್ರೀಕರಣದ ವೇಳೆ ಅದನ್ನು ಹಾಕಿ ಕೇಳಿಸುತ್ತ, ಅದರ ಲಯಕ್ಕೆ ನಡೆದಾಡಿಸಿದರು. ತನ್ನ ಧ್ವನಿಯನ್ನು ತಾನೇ ಕೇಳುತ್ತ ಕನ್ನಡಿಯ ಮುಂದೆ ಸುಮ್ಮನೆ ಹಾಯುವ ಆ ಅಭಿನಯ ಸ್ವಪ್ನಮೂರ್ತಿಯ ಪಾತ್ರಕ್ಕೆ ಸೆರಿಗ್ ಹಾಡಿದ ಮಂಗಳ.

ಮೂರನೆಯದು ‘ಜಾನ್ ದೀಲ್‌ಮಾನ್, 23, ಕೆ ದು ಕಮೆರ್ಸ್, 1080 ಬ್ರಸೆಲ್ಸ್’. ಒಂದು ಮನೆಯ ವಿಳಾಸವೇ ಶೀರ್ಷಿಕೆಯಾದ ಈ ಚಿತ್ರದ ನಿರ್ದೇಶಕಿ ಶಾಂತಾಲ್ ಅಕರ್‌ಮಾನ್‌ಗೆ ಚಿತ್ರೀಕರಣದ ಕಾಲದಲ್ಲಿ 24 ವರ್ಷ. ಬೆಲ್ಜಿಯಂ ಸರ್ಕಾರದ ಸಹಾಯಧನ, ಬಹುಪಾಲು ಸ್ತ್ರೀಯರೇ ಇದ್ದ ಕೆಲಸಗಾರರ ತಂಡ, ಛಾಯಾಗ್ರಾಹಕಿ ಬಾಬೆಟ್ ಮಾಂಗೋಲ್ಟ್. ಇಷ್ಟು ಸಾಮಗ್ರಿಯ ಮೇಲೆ ಸೆರಿಗ್‌ಳ ಹೆಸರು. ಚಿತ್ರದ ಅವಧಿ 201 ನಿಮಿಷ. ಕಥೆ ಮೂರು ದಿನಗಳದು. ಹದಿಹರೆಯದ ಮಗನೊಡನೆ ವಾಸಿಸುವ ವಿಧವೆಯೊಬ್ಬಳು ಹಾಸಿಗೆ ಮಡಿಸುತ್ತಾಳೆ, ಮಗನ ಬೂಟಿಗೆ ಪಾಲಿಶ್ ಹಾಕುತ್ತಾಳೆ, ಅಂಗಡಿಗೆ ಹೋಗುತ್ತಾಳೆ, ಮಾಂಸದ ತುಂಡನ್ನು ಹಿಟ್ಟಿನಲ್ಲಿ ಹೊರಳಿಸುತ್ತಾಳೆ, ಕೋಣೆಯಿಂದ ಹೊರಬರುವಾಗಲೆಲ್ಲ ದೀಪ ಆರಿಸುತ್ತಾಳೆ. ದಿನಾ ಮಧ್ಯಾಹ್ನ, ಆಲೂಗಡ್ಡೆ ಒಲೆಯ ಮೇಲೆ ಬೇಯುವಷ್ಟು ಹೊತ್ತಿನಲ್ಲಿ, ಒಬ್ಬ ಗಿರಾಕಿಯನ್ನು ಮಲಗುವ ಕೋಣೆಗೆ ಬರಮಾಡಿಕೊಂಡು, ಅವನು ಕೊಟ್ಟ ಹಣವನ್ನು ಊಟದ ಮೇಜಿನ ಮೇಲಿರುವ ಸೂಪಿನ ಪಾತ್ರೆಯಲ್ಲಿ ಹಾಕಿ ಮುಚ್ಚುತ್ತಾಳೆ. ಕ್ಯಾಮರಾ ಅಲುಗುವುದಿಲ್ಲ, ಮುಖದ ಹತ್ತಿರಕ್ಕೂ ಹೋಗುವುದಿಲ್ಲ.

ಎರಡನೆಯ ದಿನ ಆಲೂಗಡ್ಡೆ ಹೆಚ್ಚು ಬೆಂದುಹೋಗುತ್ತದೆ. ಹೇಳುವುದಕ್ಕೆ ಇಷ್ಟೇ. ಆದರೆ ಪಾತ್ರೆಯನ್ನು ಕೈಯಲ್ಲಿ ಹಿಡಿದು, ಅದನ್ನು ಎಲ್ಲಿ ಇಡಬೇಕೆಂದು ಹೊಳೆಯದೆ ಆಕೆ ಅಡಿಗೆಮನೆಯಿಂದ ಸ್ನಾನದ ಮನೆಗೂ ಅಲ್ಲಿಂದ ಮತ್ತೆ ಅಡಿಗೆಮನೆಗೂ ಅಲೆಯುವಾಗ, ಅಲ್ಲಿಯವರೆಗೆ ಒಂದು ಗಂಟೆಗೂ ಮೀರಿ ಆಕೆಯ ಕ್ರಮವನ್ನು ನೋಡಿ ನೋಡಿ ಅದನ್ನು ತನ್ನದಾಗಿಸಿಕೊಂಡಿರುವ ಪ್ರೇಕ್ಷಕನ ಎದೆ ಧಸಕ್ಕೆನ್ನುತ್ತದೆ. ಹೊಸ ಆಲೂಗಡ್ಡೆ ತಂದು ಮೇಜಿನ ಮುಂದೆ ಕುಳಿತು ಸಿಪ್ಪೆ ಹೆರೆಯುತ್ತಾಳೆ. ಚಾಕು ಈಗ ಮೊದಲಿನಷ್ಟು ನೇರವಾಗಿ ಓಡದು, ನಡುನಡುವೆ ನಿಲ್ಲುತ್ತದೆ, ಮತ್ತೆ ಅವಸರವಾಗುತ್ತದೆ. ಮುಖದಲ್ಲಿ ಏನೂ ಇಲ್ಲ, ಎಲ್ಲವೂ ಮಣಿಕಟ್ಟಿನಲ್ಲಿದೆ. ಮೂರನೆಯ ದಿನ ಏನಾಗುತ್ತದೆಂಬುದನ್ನು ನೋಡದವರಿಗಾಗಿ ಇಲ್ಲಿ ಬಿಟ್ಟಿದ್ದೇನೆ. ಚಿತ್ರೀಕರಣ ನಡೆಯುತ್ತಿದ್ದಾಗ ಸೆರಿಗ್‌ಳ ಸಂಗಾತಿಯಾದ ನಟ ಸಾಮಿ ಫ್ರೇ ಅಲ್ಲಿಯ ಕೆಲಸವನ್ನೆಲ್ಲ ವಿಡಿಯೋದಲ್ಲಿ ಹಿಡಿದಿಟ್ಟಿದ್ದಾನೆ. ಈ ಹೆಂಗಸು ಈಗ ಏನನ್ನು ಯೋಚಿಸುತ್ತಿದ್ದಾಳೆ, ಈ ಕೆಲಸವನ್ನು ಇಷ್ಟು ನಿಧಾನವಾಗಿ ಏಕೆ ಮಾಡುತ್ತಾಳೆ ಎಂದು ಹಿರಿಯ ನಟಿ ಪಟ್ಟು ಹಿಡಿದು ಕೇಳುವುದನ್ನೂ, ಕಾರಣ ಹೇಳಲೊಲ್ಲದ ಎಳೆಯ ನಿರ್ದೇಶಕಿ ಲಯವನ್ನೂ ಕ್ರಮವನ್ನೂ ಮಾತ್ರ ತಿಳಿಸುವುದನ್ನೂ ಅದರಲ್ಲಿ ನೋಡಬಹುದು. ಚಿತ್ರದ ಬಿಗಿ ಹುಟ್ಟಿದ್ದು ಈ ಜಗ್ಗಾಟದಿಂದ ಎಂದು ನನ್ನ ಅಭಿಪ್ರಾಯ. ಅಡಿಗೆಮನೆಯಲ್ಲಿಯೇ ಕಾಣಿಸಿಕೊಂಡು ರೂಢಿಯಾದ ಬೇರೊಬ್ಬ ನಟಿ ಇದೇ ಕೆಲಸಗಳನ್ನು ಮಾಡಿದ್ದರೆ ನಾವು ಗಮನಿಸುತ್ತಲೇ ಇರಲಿಲ್ಲ; ಮರಿಯೆನ್‌ಬಾಡಿನ ರಾಣಿ ಪಾತ್ರೆ ತೊಳೆಯಲು ನಿಂತುದರಿಂದ ಪಾತ್ರೆ ತೊಳೆಯುವುದು ಕಣ್ಣಿಗೆ ಬಿದ್ದಿತು. ಬ್ರಿಟನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ 1952ರಿಂದ ಹತ್ತು ವರ್ಷಕ್ಕೊಮ್ಮೆ ವಿಮರ್ಶಕರ ಮತಗಳನ್ನು ಎಣಿಸುತ್ತ ಬಂದಿದೆ. 2022ರ ಎಣಿಕೆಯಲ್ಲಿ ಮೊದಲನೆಯ ಸ್ಥಾನ ದೊರೆತದ್ದು ಈ ಚಿತ್ರಕ್ಕೆ. ಸ್ತ್ರೀ ನಿರ್ದೇಶಿಸಿದ ಕೃತಿಯೊಂದು ಆ ಸ್ಥಾನಕ್ಕೆ ಬಂದದ್ದು ಅದೇ ಮೊದಲು.

1975ರಲ್ಲಿಯೇ ಮತ್ತು ಅದರ ಮರುವರ್ಷ ಸೆರಿಗ್, ಕರೋಲ್‌ಳನ್ನು ಜೊತೆಗೆ ಕರೆದುಕೊಂಡು, ಫ್ರಾನ್ಸ್ ಮತ್ತು ಅಮೆರಿಕಗಳ ಇಪ್ಪತ್ತಕ್ಕೂ ಹೆಚ್ಚು ನಟಿಯರನ್ನು ಕಂಡು ಪ್ರಶ್ನೆ ಕೇಳಿದಳು. ಗಂಡಾಗಿ ಹುಟ್ಟಿದ್ದರೆ ಈ ವೃತ್ತಿಗೆ ಬರುತ್ತಿದ್ದಿರಾ? ಇನ್ನೊಬ್ಬ ಹೆಂಗಸಿನೊಡನೆ ಸ್ನೇಹದ ದೃಶ್ಯವೊಂದರಲ್ಲಿ ಎಂದಾದರೂ ಅಭಿನಯಿಸಿದ್ದೀರಾ? ಪ್ರಶ್ನೆಗಳು ಇಷ್ಟು ಸರಳ. ಉತ್ತರಕ್ಕೆ ಮೊದಲು ಬರುವ ಮೌನಗಳು ದೀರ್ಘ. ಹಾಲಿವುಡ್ಡಿಗೆ ಕಾಲಿಟ್ಟಾಗ ಪ್ರಸಾಧನದವರು ತನ್ನ ಕೂದಲಿಗೆ ಬಣ್ಣ ಹಾಕಿ, ಎದೆಗೆ ಕೃತಕ ಉಬ್ಬು ಕಟ್ಟಿ, ಕೆನ್ನೆ ಗುಳಿ ಬೀಳಲೆಂದು ದವಡೆಯನ್ನೇ ಮುರಿಸಿಕೊಳ್ಳುವ ಸಲಹೆಯವರೆಗೆ ಹೋದದ್ದನ್ನು ಜೇನ್ ಫೊಂಡಾ ಫ್ರೆಂಚಿನಲ್ಲಿಯೇ ಬಣ್ಣಿಸುತ್ತಾಳೆ. ಮರಿಯಾ ಶ್ನೈಡರ್ ತನಗೆ ಬರುವ ಪಾತ್ರಗಳೆಲ್ಲ ಹುಚ್ಚಿಯರದೋ ಕೊಲೆಗಾತಿಯರದೋ ಎನ್ನುತ್ತಾಳೆ. ‘ಚೆಲುವಾಗಿರು, ಬಾಯಿ ಮುಚ್ಚು’ ಎಂಬ ಹೆಸರಿನಲ್ಲಿ ಇದು 1981ರಲ್ಲಿ ಹೊರಬಂದಿತು. ವ್ಯಾಖ್ಯಾನವಿಲ್ಲ, ಸಂಗೀತವಿಲ್ಲ, ಮಸುಕಾದ ಕಪ್ಪು-ಬಿಳುಪಿನಲ್ಲಿ ಮುಖಗಳು ಮಾತ್ರ. ಆದರೆ ನಟನವೃತ್ತಿಯ ಒಳಗನ್ನು ಕುರಿತು ಇಷ್ಟು ಪ್ರಾಮಾಣಿಕವಾದ ದಾಖಲೆ ಅದಕ್ಕೆ ಮೊದಲು ಇದ್ದಂತೆ ನನಗೆ ಕಾಣದು. ಅಭಿನೇತ್ರಿಯರು ಕ್ಯಾಮರಾದ ಮುಂದೆ ಇನ್ನೊಬ್ಬ ಅಭಿನೇತ್ರಿಗೆ ಹೇಳಿಕೊಂಡ ಮಾತು ಪತ್ರಕರ್ತನಿಗೆ ದೊರೆಯುತ್ತಿರಲಿಲ್ಲ.

1982ರಲ್ಲಿ ಆಕೆ, ಕರೋಲ್ ಮತ್ತು ಯೋಆನಾ ಕೂಡಿ ಪ್ಯಾರಿಸ್ಸಿನಲ್ಲಿ ಸಿಮೋನ್ ದ ಬೊವ್ವಾರ್ ಹೆಸರಿನ ದೃಶ್ಯಶ್ರವ್ಯ ಕೇಂದ್ರವನ್ನು ಕಟ್ಟಿದರು. ಸ್ತ್ರೀಯರು ತೆಗೆದ, ಸ್ತ್ರೀಯರನ್ನು ಕುರಿತ ಟೇಪುಗಳನ್ನು ಸಂಗ್ರಹಿಸಿ ಕಾಪಾಡುವುದು ಅದರ ಉದ್ದೇಶ. ಸೆರಿಗ್ ತೀರಿಕೊಂಡ ಮೇಲೆ ಕೆಲವು ಕಾಲ ಬಾಗಿಲು ಮುಚ್ಚಿದ್ದ ಆ ಕೇಂದ್ರ ಮತ್ತೆ ತೆರೆದು ಕೆಲಸ ಮಾಡುತ್ತಿದೆ. ನಟನೆಯೂ ನಿಲ್ಲಲಿಲ್ಲ: ಅಕರ್‌ಮಾನ್‌ಳ ಸಂಗೀತಚಿತ್ರ ‘ಗೋಲ್ಡನ್ ಏಟೀಸ್’ನಲ್ಲಿ ಬಟ್ಟೆಯಂಗಡಿಯ ಒಡತಿ, ಜರ್ಮನ್ ನಿರ್ದೇಶಕಿ ಉಲ್ರಿಕೆ ಓಟಿಂಗರ್‌ಳ ವಿಚಿತ್ರ ಚಿತ್ರಗಳಲ್ಲಿ ನಾನಾ ವೇಷ. 1989ರಲ್ಲಿ ಬಂದ ಓಟಿಂಗರ್‌ಳ ‘ಜೊಹಾನಾ ಡಾರ್ಕ್ ಆಫ್ ಮಂಗೋಲಿಯಾ’ ಆಕೆಯ ಕಡೆಯ ಚಲಚ್ಚಿತ್ರ. ಮರುವರ್ಷ ಅಕ್ಟೋಬರ್ 15ರಂದು, 58ನೆಯ ವಯಸ್ಸಿನಲ್ಲಿ, ಕ್ಯಾನ್ಸರಿನಿಂದ ಪ್ಯಾರಿಸ್ಸಿನಲ್ಲಿ ನಿಧನಳಾದಳು.

ಕೈಗೂಡದೆ ಉಳಿದದ್ದು ಒಂದು. ಅಮೆರಿಕದ ಪಶ್ಚಿಮ ಸೀಮೆಯ ಕುದುರೆಸವಾರಿಣಿ ಕ್ಯಾಲಮಿಟಿ ಜೇನ್ ತನ್ನ ಮಗಳಿಗೆ ಬರೆದವೆಂದು ಹೇಳಲಾಗುವ ಪತ್ರಗಳನ್ನು ಆಧರಿಸಿ ಕಥಾಚಿತ್ರವೊಂದನ್ನು ತಾನೇ ನಿರ್ದೇಶಿಸಬೇಕೆಂದು ಆಕೆ ವರ್ಷಾನುಗಟ್ಟಲೆ ಶ್ರಮಿಸಿದಳು. ಪತ್ರಗಳು ನಿಜವಾದುವಲ್ಲವೆಂದು ಇತಿಹಾಸಕಾರರು ಸಂದೇಹಪಟ್ಟರೂ ಹಿಂದೆಗೆಯಲಿಲ್ಲ. 1983ರಲ್ಲಿ ಬಾಬೆಟ್ ಮಾಂಗೋಲ್ಟ್‌ಳನ್ನು ಕರೆದುಕೊಂಡು ಮೊಂಟಾನಾಕ್ಕೆ ಹೋಗಿ, ಸ್ಥಳಗಳನ್ನು ನೋಡಿ, ಅಲ್ಲಿಯವರನ್ನು ಮಾತನಾಡಿಸಿ ಚಿತ್ರಿಸಿಕೊಂಡು ಬಂದಳು. ನಲವತ್ತಕ್ಕೂ ಮೀರಿ ಅನ್ಯರ ಚಿತ್ರಗಳಲ್ಲಿ ಹೆಸರು ಮಾಡಿದವಳಿಗೆ ತನ್ನದೊಂದು ಕಥಾಚಿತ್ರವನ್ನು ತೆಗೆಯಲಾಗಲಿಲ್ಲ. ಅಂದು ತೆಗೆದ ತುಣುಕುಗಳನ್ನು ಮಾಂಗೋಲ್ಟ್ ಜೋಡಿಸಿ ಒಂದು ಸಾಕ್ಷ್ಯಚಿತ್ರವಾಗಿ ಹೊರತಂದದ್ದು 2020ರಲ್ಲಿ.